ಮರಿಸೋಲ್: ಬಿಸಿಲಿನ ಹೆಸರೊಳಗೆ ಒಬ್ಬ ಏಕಾಂಗಿ ತಾಯಿ



ಸೆಪ್ಟೆಂಬರ್ ತಿಂಗಳು ಬಂತೆಂದರೆ ನಮ್ಮ ಧರ್ಮಕೇಂದ್ರಗಳಲ್ಲಿ ಮಾತೆ ಮರಿಯಮ್ಮನವರ ಹಬ್ಬದ ಸಡಗರ. 8ರಂದು ಅವರ ಜನನದ ಹಬ್ಬ, 15ರಂದು ವ್ಯಾಕುಲ ಮಾತೆಯ ಸ್ಮರಣೆ. ಇವೆರಡರ ನಡುವೆ, 12ರಂದು ಬರುವ ಇನ್ನೊಂದು ಸ್ಮರಣೆಯನ್ನು ನಾವು ಅಷ್ಟಾಗಿ ಗಮನಿಸುವುದಿಲ್ಲ. ಅದು ಮರಿಯಮ್ಮನವರ ಪರಿಶುದ್ಧ ನಾಮದ ಸ್ಮರಣೆ. 1513ರಲ್ಲಿ ಸ್ಪೇನ್ ದೇಶದ ಕುಯೆಂಕಾ ಧರ್ಮಕ್ಷೇತ್ರಕ್ಕೆ ಮೊದಲು ಈ ಹಬ್ಬವನ್ನು ಆಚರಿಸಲು ಅನುಮತಿ ದೊರೆಯಿತು. 1683ರಲ್ಲಿ ವಿಯೆನ್ನಾ ನಗರವು ಮುತ್ತಿಗೆಯಿಂದ ಪಾರಾದ ಮೇಲೆ ಪೋಪ್ ಹನ್ನೊಂದನೇ ಇನ್ನೊಸೆಂಟರು ಅದನ್ನು ಇಡೀ ಧರ್ಮಸಭೆಗೆ ವಿಸ್ತರಿಸಿದರು. 1969ರ ಪರಿಷ್ಕರಣೆಯಲ್ಲಿ ಪಂಚಾಂಗದಿಂದ ಬಿಟ್ಟುಹೋಗಿದ್ದ ಈ ಸ್ಮರಣೆಯನ್ನು 2002ರಲ್ಲಿ ಪೋಪ್ ಎರಡನೇ ಜಾನ್ ಪೌಲರು ಮತ್ತೆ ಸೇರಿಸಿದರು.

ಹೆಸರಿಗೂ ಒಂದು ಹಬ್ಬವೇ? ಹೌದು. ಹೆಸರೆಂದರೆ ಬರೀ ಕೂಗಿ ಕರೆಯುವ ಶಬ್ದವಲ್ಲ. ದೇವರು ನಮ್ಮನ್ನು ಹೆಸರು ಹಿಡಿದು ಕರೆದಿದ್ದಾರೆ ಎಂದು ಪ್ರವಾದಿ ಯೆಶಾಯ ಸಾರುತ್ತಾರೆ (43:1). ದೀಕ್ಷಾಸ್ನಾನದ ವಿಧಿಯಲ್ಲಿ ಗುರುಗಳು ಹೆತ್ತವರಿಗೆ ಮೊಟ್ಟಮೊದಲು ಕೇಳುವ ಪ್ರಶ್ನೆಯೂ ಅದೇ: ಮಗುವಿಗೆ ಯಾವ ಹೆಸರಿಡುತ್ತೀರಿ? ಆ ಪ್ರಶ್ನೆಗೆ ಕೊಡುವ ಉತ್ತರ ಮಗುವಿನ ಜೊತೆ ಕೊನೆಯವರೆಗೂ ಬರುತ್ತದೆ. ಆದ್ದರಿಂದ ಈ ನಾಮಸ್ಮರಣೆಯ ಹಿನ್ನೆಲೆಯಲ್ಲಿ, ಆ ಹಬ್ಬ ಹುಟ್ಟಿದ ಸ್ಪೇನ್ ದೇಶದ್ದೇ ಆದ ಒಂದು ಹೆಣ್ಣುಮಗುವಿನ ಹೆಸರನ್ನು ತೆಗೆದುಕೊಂಡು ಸ್ವಲ್ಪ ಧ್ಯಾನಿಸೋಣ. ಆ ಹೆಸರು ಮರಿಸೋಲ್.

ಕೇಳಿದೊಡನೆ ಹೊಳೆಯುವ ಅರ್ಥ

ಸ್ಪೇನಿನಲ್ಲೂ ಸ್ಪ್ಯಾನಿಷ್ ಮಾತನಾಡುವ ಲ್ಯಾಟಿನ್ ಅಮೆರಿಕದ ದೇಶಗಳಲ್ಲೂ ಕಳೆದ ಶತಮಾನದಲ್ಲಿ ಬಹಳ ಪ್ರೀತಿಯಿಂದ ಇಟ್ಟುಕೊಂಡ ಹೆಸರಿದು. ಆ ಭಾಷೆಯಲ್ಲಿ 'ಮಾರ್' ಎಂದರೆ ಸಮುದ್ರ, 'ಇ' ಎಂದರೆ ಮತ್ತು, 'ಸೋಲ್' ಎಂದರೆ ಸೂರ್ಯ. ಮೂರನ್ನೂ ಕೂಡಿಸಿ ಹೇಳಿದರೆ 'ಮಾರ್ ಇ ಸೋಲ್', ಅಂದರೆ ಸಮುದ್ರ ಮತ್ತು ಸೂರ್ಯ. ಕೇಳುವುದಕ್ಕೆ ಎಷ್ಟು ಇಂಪು! ಕಡಲತೀರ, ಬಿಸಿಲು, ನಗು, ಎಲ್ಲವೂ ಒಂದೇ ಹೆಸರಿನಲ್ಲಿ. ಕನ್ನಡದ ಕಿವಿಗೂ 'ಮರಿ' ಎಂಬುದು ಮುದ್ದಿನ ಕರೆಯಂತೆಯೇ ಕೇಳಿಸುತ್ತದೆ. ಅದು ಕೇವಲ ಕಾಕತಾಳೀಯ, ಇರಲಿ. ಹೆಸರುಗಳ ಪಟ್ಟಿ ಹಿಡಿದು ಕೂರುವ ಅನೇಕರು ಈ ಅರ್ಥವನ್ನು ಮೆಚ್ಚಿಕೊಂಡೇ ಈ ಹೆಸರನ್ನು ಆರಿಸುತ್ತಾರೆ.

ಆದರೆ ಈ ಹೆಸರು ಹುಟ್ಟಿದ್ದು ಕಡಲತೀರದಲ್ಲಲ್ಲ, ದೇವಾಲಯದ ನೆರಳಿನಲ್ಲಿ. 'ಮರಿಸೋಲ್' ಎಂಬುದು 'ಮರಿಯಾ ಸೊಲೆದಾದ್' ಎಂಬ ಹೆಸರಿನ ಮೊಟಕು ರೂಪ. ಪೂರ್ತಿಯಾಗಿ ಹೇಳಿದರೆ 'ಮರಿಯಾ ದೆ ಲಾ ಸೊಲೆದಾದ್'. ಸೊಲೆದಾದ್ ಎಂದರೆ ಏಕಾಂಗಿತನ. ಹಾಗಾದರೆ ಇದು ಏಕಾಂಗಿಯಾದ ಮರಿಯಮ್ಮನವರ ಹೆಸರು. ಕೆಲವು ಮನೆಗಳಲ್ಲಿ 'ಮರಿಯಾ ದೆಲ್ ಸೋಲ್' ಅಥವಾ ಬರೀ 'ಮರಿಯಾ ಸೋಲ್' ಎಂದು ಹೆಸರಿಟ್ಟು ಮರಿಸೋಲ್ ಎಂದು ಕರೆಯುವುದೂ ಉಂಟು. ಆದರೂ ಹೆಚ್ಚಿನ ಹಳೆಯ ಮನೆಗಳಲ್ಲಿ ಈ ಹೆಸರಿನ ಬೇರು ಸೊಲೆದಾದ್ ಮಾತೆಯ ಭಕ್ತಿಯಲ್ಲಿಯೇ ಇದೆ. ಹೊರಗೆ ಬಿಸಿಲು, ಒಳಗೆ ಒಬ್ಬ ಏಕಾಂಗಿ ತಾಯಿ. ಈ ಎರಡೂ ಹೇಗೆ ಒಂದಾದವು?

ಬಿರುದುಗಳೇ ಹೆಸರಾದ ಬಗೆ

ಇದನ್ನು ತಿಳಿಯಲು ಸ್ಪೇನಿನವರ ಒಂದು ರೂಢಿಯನ್ನು ಮೊದಲು ಅರಿಯಬೇಕು. ಅಲ್ಲಿ ಮರಿಯಾ ಎಂಬ ಹೆಸರು ಮನೆಮನೆಯಲ್ಲೂ ಇತ್ತು. ಒಂದೇ ಬೀದಿಯಲ್ಲಿ ಹತ್ತು ಮರಿಯಾ ಇದ್ದರೆ ಯಾರನ್ನು ಕರೆದರೆ ಯಾರು ತಿರುಗಿ ನೋಡಬೇಕು? ಹಾಗಾಗಿ ಮರಿಯಮ್ಮನವರ ಬಿರುದುಗಳನ್ನೂ ಅವರ ಹಬ್ಬಗಳನ್ನೂ ಹೆಸರಿಗೆ ಸೇರಿಸಿದರು. ಕ್ರಮೇಣ ಆ ಬಿರುದೇ ಹೆಸರಾಗಿ ಉಳಿಯಿತು. ದೊಲೋರೆಸ್ ಎಂದರೆ ವ್ಯಾಕುಲಗಳು. ಮೆರ್ಸೆದೆಸ್ ಎಂದರೆ ಕರುಣೆಗಳು. ಸೆರೆಯಾಳುಗಳನ್ನು ಬಿಡಿಸಲು 1218ರಲ್ಲಿ ಬಾರ್ಸೆಲೋನಾದಲ್ಲಿ ಹುಟ್ಟಿದ ಧಾರ್ಮಿಕ ಸಭೆಯವರು ಮರಿಯಮ್ಮನವರಿಗೆ ಸಲ್ಲಿಸಿದ ಬಿರುದದು. ಪಿಲಾರ್ ಎಂದರೆ ಕಂಬ. ಸಾರಗೋಸಾ ನಗರದಲ್ಲಿ ಪ್ರೇಷಿತರಾದ ಸಂತ ಯಕೋಬರಿಗೆ ಕಂಬದ ಮೇಲೆ ದರ್ಶನವಿತ್ತ ಮಾತೆ ಎಂಬ ಪರಂಪರೆಯಿಂದ ಬಂದದ್ದು. ನಿಯೆವೆಸ್ ಎಂದರೆ ಹಿಮ, ಅಂಪಾರೊ ಎಂದರೆ ಆಸರೆ, ಕೊನ್ಸುಯೆಲೊ ಎಂದರೆ ಸಾಂತ್ವನ, ರೊಸಾರಿಯೊ ಎಂದರೆ ಜಪಸರ.

ಇಲ್ಲಿ ಒಂದು ಸ್ವಾರಸ್ಯವಿದೆ. ಪಿಲಾರ್, ರೊಸಾರಿಯೊ, ಕೊನ್ಸುಯೆಲೊ, ಇವೆಲ್ಲ ಸ್ಪ್ಯಾನಿಷ್ ವ್ಯಾಕರಣದಲ್ಲಿ ಪುಲ್ಲಿಂಗ ಪದಗಳು. ಸೋಲ್, ಅಂದರೆ ಸೂರ್ಯ, ಅದೂ ಪುಲ್ಲಿಂಗವೇ. ಆದರೂ ಇವು ಹೆಣ್ಣುಮಕ್ಕಳ ಹೆಸರುಗಳು. ಏಕೆ? ಪ್ರತಿಯೊಂದು ಹೆಸರಿನ ಮುಂದೆಯೂ ಕಣ್ಣಿಗೆ ಕಾಣದ ಒಂದು 'ಮರಿಯಾ' ನಿಂತಿದೆ. ಮಗಳನ್ನು ಕಂಬವೆಂದೋ ಹಿಮವೆಂದೋ ಅವರು ಕರೆಯುತ್ತಿಲ್ಲ. ಕಂಬದ ಮರಿಯಾ, ಹಿಮದ ಮರಿಯಾ ಎಂದು ಕರೆಯುತ್ತಿದ್ದಾರೆ.

ನಮಗೆ ಇದು ಹೊಸದೇನಲ್ಲ. ನಮ್ಮ ಊರುಗಳಲ್ಲಿ ಆರೋಗ್ಯಮ್ಮ ಎಂಬ ಅಜ್ಜಿಯರಿಲ್ಲವೇ? ವೇಳಾಂಗಣಿಯ ಆರೋಗ್ಯ ಮಾತೆಯ ಹೆಸರದು. ಸಹಾಯ ಮೇರಿ, ಜಪಮಾಲೆ ಮೇರಿ ಎಂಬ ಹೆಸರುಗಳೂ ಇವೆ. ಕರಾವಳಿಯ ಕಥೋಲಿಕ ಮನೆತನಗಳಲ್ಲಿ ರೊಜಾರಿಯೊ ಎಂಬ ಉಪನಾಮ ಪೋರ್ಚುಗೀಸರ ಕಾಲದಿಂದ ಬಂದದ್ದು. ಸ್ಪೇನಿನ ತಾಯಿ ಮಗಳಿಗೆ ರೊಸಾರಿಯೊ ಎಂದಾಗಲೂ ನಮ್ಮ ತಾಯಿ ಜಪಮಾಲೆ ಎಂದಾಗಲೂ ಹೇಳುತ್ತಿರುವುದು ಒಂದೇ ಮಾತನ್ನು.

ಉದ್ದ ಹೆಸರುಗಳನ್ನು ಮನೆಯವರು ಮೊಟಕು ಮಾಡುವುದೂ ಎಲ್ಲೆಡೆ ಒಂದೇ. ಮರಿಯಾ ಇಸಾಬೆಲ್ ಮರಿಬೆಲ್ ಆದಳು, ಮರಿಯಾ ಲೂಯಿಸಾ ಮರಿಸಾ ಆದಳು, ಮರಿಯಾ ತೆರೇಸಾ ಮಯ್ತೆ ಆದಳು. ಹಾಗೆಯೇ ಮರಿಯಾ ಸೊಲೆದಾದ್ ಮರಿಸೋಲ್ ಆದಳು. ಮೊಟಕಾಗುವಾಗ ಸೊಲೆದಾದ್ ಎಂಬ ಪದದ ಮೊದಲ ಮೂರು ಅಕ್ಷರ ಮಾತ್ರ ಉಳಿಯಿತು. ಆ ಉಳಿದ ತುಣುಕು ಆಕಸ್ಮಿಕವಾಗಿ ಸೂರ್ಯನ ಹೆಸರೂ ಆಗಿತ್ತು. ಹೀಗೆ ದುಃಖದ ಹೆಸರೊಂದು ಬಿಸಿಲಿನ ಹೆಸರಾಗಿ ಕೇಳತೊಡಗಿತು.

ಸೊಲೆದಾದ್: ಪವಿತ್ರ ಶನಿವಾರದ ತಾಯಿ

ಮರಿಯಮ್ಮನವರು ಏಕಾಂಗಿಯಾದದ್ದು ಯಾವಾಗ? ಶುಭ ಶುಕ್ರವಾರದ ಸಂಜೆಯಿಂದ ಪುನರುತ್ಥಾನದ ಮುಂಜಾನೆಯವರೆಗೆ. ಶಿಲುಬೆಯ ಬುಡದಲ್ಲಿ ಅವರು ನಿಂತಿದ್ದರೆಂದು ಸಂತ ಯೊವಾನ್ನರು ಬರೆಯುತ್ತಾರೆ (19:25-27). ಅಲ್ಲಿಯವರೆಗೆ ಮಗ ಕಣ್ಣೆದುರಿಗಿದ್ದ. ಎಷ್ಟೇ ನೋವಿದ್ದರೂ ನೋಡಲು ಒಂದು ಮುಖವಿತ್ತು. ಆಮೇಲೆ ದೇಹವನ್ನು ಇಳಿಸಿದರು, ನಾರುಬಟ್ಟೆಯಲ್ಲಿ ಸುತ್ತಿದರು, ಸಮಾಧಿಯಲ್ಲಿ ಇಟ್ಟರು, ಕಲ್ಲು ಉರುಳಿಸಿದರು. ಮರುದಿನ ಸಬ್ಬತ್. ಗಲಿಲೇಯದಿಂದ ಬಂದಿದ್ದ ಸ್ತ್ರೀಯರು ಆಜ್ಞೆಯ ಪ್ರಕಾರ ವಿಶ್ರಮಿಸಿದರೆಂದು ಸಂತ ಲೂಕರು ಹೇಳುತ್ತಾರೆ (23:56). ಆ ದಿನ ಮರಿಯಮ್ಮನವರು ಎಲ್ಲಿದ್ದರು, ಏನು ಮಾಡಿದರು? ಶುಭಸಂದೇಶಗಳು ಒಂದು ಮಾತನ್ನೂ ಹೇಳುವುದಿಲ್ಲ. ಆ ಮೌನದೊಳಗೆ ಹೊಕ್ಕು ಧ್ಯಾನಿಸಿದ ಭಕ್ತಿಯೇ ಸೊಲೆದಾದ್ ಮಾತೆಯ ಭಕ್ತಿ.

ವ್ಯಾಕುಲ ಮಾತೆಗೂ ಸೊಲೆದಾದ್ ಮಾತೆಗೂ ಒಂದು ಸೂಕ್ಷ್ಮ ವ್ಯತ್ಯಾಸವಿದೆ. ವ್ಯಾಕುಲ ಮಾತೆಯ ಎದೆಯಲ್ಲಿ ಕತ್ತಿ ಕಾಣುತ್ತದೆ, ತೊಡೆಯ ಮೇಲೆ ಮಗನ ದೇಹ ಕಾಣುತ್ತದೆ. ಸೊಲೆದಾದ್ ಮಾತೆಯ ಬಳಿ ಮಗನ ದೇಹವೂ ಇಲ್ಲ. ಕೈಗಳು ಬರಿದು, ಅವು ಒಂದನ್ನೊಂದು ಹಿಡಿದುಕೊಂಡಿವೆ. ಅಂತ್ಯಕ್ರಿಯೆ ಮುಗಿದು, ಬಂದ ನೆಂಟರಿಷ್ಟರೆಲ್ಲ ಹೊರಟುಹೋದ ಮೇಲೆ ಮನೆಯಲ್ಲಿ ಉಳಿಯುವ ತಾಯಿ ಅವರು. ಪುತ್ರಶೋಕಂ ನಿರಂತರಂ ಎನ್ನುತ್ತಾರೆ ನಮ್ಮ ಹಿರಿಯರು. ಆ ನಿರಂತರದ ಮೊದಲ ದಿನವೇ ಪವಿತ್ರ ಶನಿವಾರ.

ಕನ್ನಡದಲ್ಲಿ ನಮಗೆ ಎರಡು ಪದಗಳಿವೆ: ಒಂಟಿತನ ಮತ್ತು ಏಕಾಂತ. ಒಂಟಿತನ ಎಂದರೆ ಯಾರೂ ಇಲ್ಲದ ಕೊರಗು. ಏಕಾಂತ ಎಂದರೆ ದೇವರೊಡನೆ ಇರಲು ತಾವಾಗಿ ಆರಿಸಿಕೊಂಡ ಮೌನ. ಸ್ಪ್ಯಾನಿಷ್ ಭಾಷೆಯ ಸೊಲೆದಾದ್ ಎಂಬ ಒಂದೇ ಪದ ಈ ಎರಡನ್ನೂ ಹೇಳುತ್ತದೆ. ಮರಿಯಮ್ಮನವರಲ್ಲಿ ಈ ಎರಡೂ ಕೂಡಿದವು. ಮಗನನ್ನು ಕಳೆದುಕೊಂಡ ಒಂಟಿತನ ಅವರ ಮೇಲೆ ಬಂದೆರಗಿತು; ಆ ಒಂಟಿತನವನ್ನೇ ಅವರು ವಿಶ್ವಾಸದಿಂದ ಏಕಾಂತವನ್ನಾಗಿ ಮಾಡಿಕೊಂಡರು. ಶಿಷ್ಯರು ಚದುರಿಹೋಗಿದ್ದ ಆ ಶನಿವಾರ ವಿಶ್ವಾಸದ ದೀಪವನ್ನು ಆರದಂತೆ ಕಾಯ್ದವರು ಮರಿಯಮ್ಮನವರು ಎಂಬುದು ಧರ್ಮಸಭೆಯ ಹಳೆಯ ಧ್ಯಾನ. ವಾರದ ಶನಿವಾರವನ್ನು ಅವರಿಗೆ ಮೀಸಲಿಟ್ಟಿರುವುದಕ್ಕೆ ಕೊಡುವ ಕಾರಣಗಳಲ್ಲಿ ಇದೂ ಒಂದು.

ಸೂರ್ಯದ್ವಾರದ ಪಕ್ಕದ ಪ್ರತಿಮೆ

ಈ ಭಕ್ತಿಗೆ ಸ್ಪೇನಿನಲ್ಲಿ ಒಂದು ಮುಖ ಕೊಟ್ಟ ಪ್ರತಿಮೆ 1565ರದು. ದೊರೆ ಎರಡನೇ ಫಿಲಿಪ್‌ನ ಪತ್ನಿ ರಾಣಿ ಇಸಾಬೆಲ್ ದೆ ವಲ್ವಾ ಫ್ರಾನ್ಸ್ ದೇಶದಿಂದ ಬಂದವಳು. ಮ್ಯಾಡ್ರಿಡ್ ನಗರದಲ್ಲಿದ್ದ ಪಾವೊಲದ ಸಂತ ಫ್ರಾನ್ಸಿಸರ ಸಭೆಯ ಮಠಕ್ಕಾಗಿ ಆಕೆ ಶಿಲ್ಪಿ ಗಾಸ್ಪರ್ ಬೆಸೆರ್ರಾನಿಂದ ಈ ಪ್ರತಿಮೆಯನ್ನು ಮಾಡಿಸಿದಳು. ಶಿಲ್ಪಿ ಎರಡು ಬಾರಿ ಕೆತ್ತಿದರೂ ರಾಣಿಗೆ ಒಪ್ಪಿಗೆಯಾಗಲಿಲ್ಲವಂತೆ. ಕೊನೆಗೆ, ಒಲೆಯಲ್ಲಿ ಉರಿಯುತ್ತಿದ್ದ ಕೊರಡನ್ನು ಹೊರತೆಗೆದು ಅದರಲ್ಲಿ ಕೆತ್ತೆಂದು ಕನಸಿನಲ್ಲಿ ಅವನಿಗೆ ಅಪ್ಪಣೆಯಾಯಿತಂತೆ. ಇದು ಐತಿಹ್ಯ, ಅದರ ಅರ್ಥ ಮಾತ್ರ ಸ್ಪಷ್ಟ. ಬೆಂಕಿಯನ್ನು ಹಾದುಬಂದ ಮರಕ್ಕೆ ಮಾತ್ರ ಆ ತಾಯಿಯ ಮುಖ ಒಪ್ಪುತ್ತದೆ.

ಪ್ರತಿಮೆ ಸಿದ್ಧವಾದ ಮೇಲೆ ಅದಕ್ಕೆ ಏನು ಉಡಿಸುವುದು? ರಾಣಿಯ ಸೇವೆಯಲ್ಲಿದ್ದ ಉರೆನ್ಯಾದ ಕೌಂಟೆಸ್ ಒಬ್ಬ ವಿಧವೆ. ಆಕೆ ತನ್ನದೇ ವೈಧವ್ಯದ ಉಡುಪನ್ನು ಕೊಟ್ಟಳು: ಬಿಳಿಯ ನಿಲುವಂಗಿ, ಮೇಲೆ ಕರಿಯ ಹೊದಿಕೆ. ಅಂದಿನಿಂದ ಸ್ಪೇನಿನಲ್ಲಿ ಸೊಲೆದಾದ್ ಮಾತೆಯನ್ನು ಹೆಚ್ಚಾಗಿ ಈ ಕಪ್ಪು ಬಿಳುಪಿನಲ್ಲೇ ಕಾಣುತ್ತೇವೆ. ವಿಧವೆಯ ಬಟ್ಟೆಯನ್ನು ಅಶುಭವೆಂದು ಯಾರೂ ದೂರ ಸರಿಸಲಿಲ್ಲ. ಅದನ್ನು ದೇವಮಾತೆಗೇ ಉಡಿಸಿದರು. ವಿಧವೆಯರನ್ನು ಶುಭಕಾರ್ಯಗಳಲ್ಲಿ ಹಿಂದೆ ನಿಲ್ಲಿಸುವ ಅಭ್ಯಾಸ ನಮ್ಮಲ್ಲಿ ಇನ್ನೂ ಎಲ್ಲಾದರೂ ಉಳಿದಿದ್ದರೆ, ಈ ಪ್ರತಿಮೆಯ ಉಡುಪನ್ನು ಒಮ್ಮೆ ನೆನೆಯುವುದು ಒಳ್ಳೆಯದು.

ಇನ್ನೊಂದು ಮಾತು. ಆ ಮಠ ಇದ್ದ ಜಾಗ ಮ್ಯಾಡ್ರಿಡ್ ನಗರದ ಹೃದಯದಂತಿರುವ 'ಪುಯೆರ್ತಾ ದೆಲ್ ಸೋಲ್' ಚೌಕದ ಪಕ್ಕದಲ್ಲಿ. ಆ ಹೆಸರಿನ ಅರ್ಥ ಸೂರ್ಯದ್ವಾರ. ಹೀಗೆ ಸೊಲೆದಾದ್ ಮತ್ತು ಸೋಲ್ ಎರಡೂ ಒಂದೇ ನಗರದಲ್ಲಿ ಅಕ್ಕಪಕ್ಕದಲ್ಲೇ ಇದ್ದವು. ಮಠವನ್ನು 19ನೇ ಶತಮಾನದಲ್ಲಿ ಕೆಡವಲಾಯಿತು. ಪ್ರತಿಮೆ 1936ರಲ್ಲಿ, ಸ್ಪೇನಿನ ಅಂತರ್ಯುದ್ಧ ಶುರುವಾದಾಗ, ಬೆಂಕಿಗೆ ಆಹುತಿಯಾಯಿತು. ಆದರೆ ಅಷ್ಟರಲ್ಲಿ ಆ ಭಕ್ತಿ ಸಮುದ್ರ ದಾಟಿ ಆಗಿತ್ತು. ಮೆಕ್ಸಿಕೋದ ಓಹಾಕಾ ನಗರದಲ್ಲಿ 17ನೇ ಶತಮಾನದ ಕೊನೆಯಲ್ಲಿ ಕಟ್ಟಿದ ಸೊಲೆದಾದ್ ಮಾತೆಯ ಮಹಾದೇವಾಲಯವಿದೆ. ಅಲ್ಲಿ ಡಿಸೆಂಬರ್ 18ರಂದು ಹಬ್ಬ. ಕ್ಯಾಲಿಫೋರ್ನಿಯಾದಲ್ಲಿ ಫ್ರಾನ್ಸಿಸ್ಕನ್ ಗುರುಗಳು 1791ರಲ್ಲಿ ಸ್ಥಾಪಿಸಿದ ಧರ್ಮಪ್ರಚಾರ ಕೇಂದ್ರಕ್ಕೂ ಇದೇ ಹೆಸರು. ಫಿಲಿಪ್ಪೀನ್ಸಿನ ಕಾವಿಟೆ ಪಟ್ಟಣದ ಪಾಲಕಿಯೂ ಸೊಲೆದಾದ್ ಮಾತೆಯೇ. ಮನೆ ಬಿಟ್ಟು ದೂರ ಹೋದ ಜನ ಜೊತೆಗೆ ಕೊಂಡೊಯ್ದದ್ದು ಒಂಟಿತನ ಬಲ್ಲ ತಾಯಿಯನ್ನು. ಇದರಲ್ಲಿ ಆಶ್ಚರ್ಯವೇನಿದೆ?

ಹೆಸರನ್ನು ಬದುಕಿದ ಒಬ್ಬ ಸಂತಳು

ಈ ಹೆಸರು ಹೊತ್ತ ಒಬ್ಬ ಸಂತಳೂ ಇದ್ದಾರೆ: ಸಂತ ಮರಿಯಾ ಸೊಲೆದಾದ್ ತೋರೆಸ್ ಅಕೋಸ್ತಾ. 1826ರ ಡಿಸೆಂಬರ್ 2ರಂದು ಮ್ಯಾಡ್ರಿಡ್ ನಗರದಲ್ಲಿ, ಹಾಲಿನ ವ್ಯಾಪಾರ ಮಾಡುತ್ತಿದ್ದ ಸಾಮಾನ್ಯ ಮನೆಯಲ್ಲಿ ಹುಟ್ಟಿದರು. ದೀಕ್ಷಾಸ್ನಾನದ ಹೆಸರು ಬಿಬಿಯಾನಾ. ಆಗ ನಗರದ ಬಡವರು ಕಾಯಿಲೆ ಬಿದ್ದರೆ ಮನೆಯಲ್ಲೇ ಸಾಯಬೇಕಿತ್ತು. ರಾತ್ರಿ ಹೊತ್ತು ಒಂದು ಗುಟುಕು ನೀರು ಕೊಡುವವರಿರಲಿಲ್ಲ. ಚಂಬೆರಿ ಎಂಬ ಬಡಾವಣೆಯ ಧರ್ಮಕೇಂದ್ರದ ಗುರುಗಳು ಇದನ್ನು ಕಂಡು, 1851ರ ಆಗಸ್ಟ್ 15ರಂದು, ಸ್ವರ್ಗಸ್ವೀಕೃತ ಮಾತೆಯ ಹಬ್ಬದ ದಿನ, ಏಳು ಮಂದಿ ಯುವತಿಯರೊಡನೆ ಒಂದು ಧಾರ್ಮಿಕ ಸಭೆ ಆರಂಭಿಸಿದರು. ಆ ಏಳು ಮಂದಿಯಲ್ಲಿ ಬಿಬಿಯಾನಾ ಒಬ್ಬರು. ಅಂದು ಪಡೆದ ಧಾರ್ಮಿಕ ಹೆಸರು ಮರಿಯಾ ಸೊಲೆದಾದ್.

ಅವರ ಕೆಲಸ ಸರಳ, ಆದರೆ ಬಹಳ ಕಷ್ಟದ್ದು. ರೋಗಿಗಳ ಮನೆಗೇ ಹೋಗಿ, ಹೆಚ್ಚಾಗಿ ರಾತ್ರಿಯಿಡೀ ಹಾಸಿಗೆಯ ಪಕ್ಕ ಕುಳಿತು, ಹಣ ಪಡೆಯದೆ ಆರೈಕೆ ಮಾಡುವುದು. ಕಾಲರಾ ಹರಡಿದಾಗಲೂ ಆ ಭಗಿನಿಯರು ಹಿಂದೆಗೆಯಲಿಲ್ಲ. 1887ರ ಅಕ್ಟೋಬರ್ 11ರಂದು ಮರಿಯಾ ಸೊಲೆದಾದ್ ದೈವಾಧೀನರಾದರು. 1970ರ ಜನವರಿ 25ರಂದು ಪೋಪ್ ಆರನೇ ಪೌಲರು ಅವರನ್ನು ಸಂತರೆಂದು ಘೋಷಿಸಿದರು. ಒಂಟಿತನ ಎಂಬ ಹೆಸರು ಪಡೆದ ಆ ಭಗಿನಿ ಬದುಕಿಡೀ ಮಾಡಿದ್ದೇನು? ಬೇರೆಯವರನ್ನು ಒಂಟಿಯಾಗಿ ಸಾಯಲು ಬಿಡಲಿಲ್ಲ. ಒಂದು ಹೆಸರಿಗೆ ಇದಕ್ಕಿಂತ ಒಳ್ಳೆಯ ವ್ಯಾಖ್ಯಾನ ಬೇಕೇ?

ಬೆಳ್ಳಿತೆರೆಯ ಮರಿಸೋಲ್

20ನೇ ಶತಮಾನದಲ್ಲಿ ಮರಿಸೋಲ್ ಎಂಬ ಮೊಟಕು ರೂಪ ಮನೆಮಾತಾಗಲು ಒಂದು ದೊಡ್ಡ ಕಾರಣ ಚಲನಚಿತ್ರ. ಸ್ಪೇನಿನ ಮಲಾಗಾ ನಗರದಲ್ಲಿ 1948ರ ಫೆಬ್ರವರಿ 4ರಂದು ಹುಟ್ಟಿದ ಬಡಮನೆಯ ಹುಡುಗಿ ಹೋಸೆಫಾ ಫ್ಲೋರೆಸ್. ಜೋಸೆಫ್ ಎಂಬ ಹೆಸರಿನ ಸ್ತ್ರೀರೂಪ ಹೋಸೆಫಾ. ಮನೆಯಲ್ಲಿ ಕರೆಯುವುದು ಪೆಪಾ. ಹಾಡು, ಕುಣಿತ ಎರಡರಲ್ಲೂ ಚುರುಕಾಗಿದ್ದ ಆ ಹುಡುಗಿಯನ್ನು ಚಿತ್ರ ನಿರ್ಮಾಪಕರೊಬ್ಬರು ಕರೆತಂದು, ಮರಿಸೋಲ್ ಎಂದು ಹೊಸ ಹೆಸರಿಟ್ಟು, 1960ರಲ್ಲಿ ಮೊದಲ ಚಿತ್ರದಲ್ಲಿ ನಟಿಸುವಂತೆ ಮಾಡಿದರು. ಆ ಚಿತ್ರದ ಹೆಸರಿನ ಅರ್ಥ 'ಬೆಳಕಿನ ಕಿರಣ'. ಅಲ್ಲಿಂದ ಮುಂದೆ ಸ್ಪೇನಿನಲ್ಲೂ ಲ್ಯಾಟಿನ್ ಅಮೆರಿಕದಲ್ಲೂ ಮರಿಸೋಲ್ ಎಂದರೆ ನಗುವ ಬಾಲೆ, ಬಿಸಿಲಿನಂಥ ಮುಖ. ಸೊಲೆದಾದ್ ಮಾತೆಯ ನೆನಪು ಆ ಹೆಸರಿನ ಹಿಂದೆ ಮರೆಯಾಯಿತು.

ಆದರೆ ಆ ಹುಡುಗಿಗೆ ಏನಾಯಿತು? ಬೆಳೆದು ದೊಡ್ಡವಳಾದ ಮೇಲೆ ಮರಿಸೋಲ್ ಎಂಬ ಹೆಸರನ್ನು ಕಳಚಿಟ್ಟು, ಪೆಪಾ ಫ್ಲೋರೆಸ್ ಎಂಬ ತಮ್ಮ ಸ್ವಂತ ಹೆಸರಿಗೇ ಅವರು ಮರಳಿದರು. 1980ರ ದಶಕದ ನಡುವೆ ಚಿತ್ರರಂಗವನ್ನೇ ಬಿಟ್ಟು ಮಲಾಗಾದಲ್ಲಿ ಸದ್ದಿಲ್ಲದೆ ಬದುಕತೊಡಗಿದರು. 2020ರ ಜನವರಿಯಲ್ಲಿ ಸ್ಪೇನಿನ ಚಲನಚಿತ್ರ ಅಕಾಡೆಮಿ ಜೀವಮಾನದ ಸಾಧನೆಗಾಗಿ ಗೋಯಾ ಪ್ರಶಸ್ತಿಯನ್ನು ಅವರದೇ ಊರಾದ ಮಲಾಗಾದಲ್ಲಿ ಕೊಟ್ಟಾಗಲೂ ಅವರು ವೇದಿಕೆಗೆ ಬರಲಿಲ್ಲ; ಹೆಣ್ಣುಮಕ್ಕಳು ಸ್ವೀಕರಿಸಿದರು. ಬೇರೆಯವರು ವ್ಯಾಪಾರಕ್ಕಾಗಿ ಇಟ್ಟ ಹೆಸರು ಎಷ್ಟೇ ಹೊಳೆಯಲಿ, ಅದು ಭಾರವಾಗಬಲ್ಲದು. ಪ್ರೀತಿಯಿಂದ ಕೊಟ್ಟ ಮನೆಯ ಹೆಸರು ಮನುಷ್ಯನಿಗೆ ಮರಳಿ ಬರಲು ಒಂದು ಜಾಗವಾಗಿ ಉಳಿಯುತ್ತದೆ. ಹೆಸರಿಡುವ ಹೆತ್ತವರು ಮರೆಯಬಾರದ ಮಾತಿದು.

ಶಿಲ್ಪಿ ಮರಿಸೋಲ್ ಮತ್ತು ಸಂತ ದಾಮಿಯಾನರು

ಇನ್ನೊಬ್ಬ ಮರಿಸೋಲ್ ಇದ್ದರು. 1930ರಲ್ಲಿ ಪ್ಯಾರಿಸ್ ನಗರದಲ್ಲಿ ವೆನೆಜುವೆಲಾ ದೇಶದ ದಂಪತಿಗೆ ಹುಟ್ಟಿದ ಮಗು ಮರಿಯಾ ಸೋಲ್ ಎಸ್ಕೋಬಾರ್. 1941ರಲ್ಲಿ, ಆಕೆಗೆ ಹನ್ನೊಂದು ವರ್ಷವಿದ್ದಾಗ, ತಾಯಿ ದುರಂತ ಸಾವಿಗೀಡಾದರು. ಆ ಬಾಲಕಿ ಮಾತು ನಿಲ್ಲಿಸಿಬಿಟ್ಟಳು. ಅತ್ಯಗತ್ಯವಾದಷ್ಟನ್ನು ಬಿಟ್ಟು ಮುಂದೆ ಅನೇಕ ವರ್ಷ ಆಕೆ ಮಾತನಾಡಲಿಲ್ಲ. ಹೆಸರಿನಲ್ಲಿ ಸೂರ್ಯನಿದ್ದರೂ ಬಾಳಿನಲ್ಲಿ ಇಳಿದದ್ದು ಸೊಲೆದಾದ್. ಮುಂದೆ ನ್ಯೂಯಾರ್ಕ್ ನಗರದಲ್ಲಿ ನೆಲೆಸಿ, ಉಪನಾಮವನ್ನು ಬಿಟ್ಟು ಬರೀ ಮರಿಸೋಲ್ ಎಂಬ ಹೆಸರಿನಿಂದಲೇ ಪ್ರಖ್ಯಾತ ಶಿಲ್ಪಿಯಾದರು. 2016ರಲ್ಲಿ ತೀರಿಕೊಂಡರು.

ಹವಾಯಿ ರಾಜ್ಯವು ಮೊಲೊಕಾಯ್ ದ್ವೀಪದ ಕುಷ್ಠರೋಗಿಗಳ ಗುರು ದಾಮಿಯಾನರ ಪ್ರತಿಮೆಯನ್ನು ಮಾಡಿಸಲು ಹೊರಟಾಗ ಆಯ್ಕೆಯಾದದ್ದು ಈ ಮರಿಸೋಲ್. ಬೆಲ್ಜಿಯಂ ದೇಶದ ದಾಮಿಯಾನರು 1873ರಲ್ಲಿ ಆ ದ್ವೀಪಕ್ಕೆ ಹೋಗಿ, ರೋಗಿಗಳ ನಡುವೆ ಬದುಕಿ, ತಾವೂ ಅದೇ ರೋಗಕ್ಕೆ ತುತ್ತಾಗಿ 1889ರಲ್ಲಿ ಮಡಿದರು. ಅವರನ್ನು ಯುವಕನಾಗಿ, ಸುಂದರವಾಗಿ ತೋರಿಸಬಹುದಿತ್ತು. ಮರಿಸೋಲ್ ಹಾಗೆ ಮಾಡಲಿಲ್ಲ. ಕೊನೆಗಾಲದ ಛಾಯಾಚಿತ್ರಗಳನ್ನು ಎದುರಿಗಿಟ್ಟುಕೊಂಡು, ರೋಗ ತಿಂದ ಮುಖವನ್ನೇ ಕಂಚಿನಲ್ಲಿ ಮೂಡಿಸಿದರು. ಅದಕ್ಕೆ ಆಕ್ಷೇಪಣೆಗಳು ಬಂದವು. ಕೊನೆಗೆ 1969ರಲ್ಲಿ ಆ ಪ್ರತಿಮೆ ಹೊನೊಲುಲುವಿನ ಶಾಸನಭವನದ ಮುಂದೆಯೂ ಅದರದೇ ಇನ್ನೊಂದು ಅಚ್ಚು ವಾಷಿಂಗ್ಟನ್ ನಗರದ ಸಂಸದ್ ಭವನದಲ್ಲೂ ನಿಂತಿತು. ನೋವನ್ನು ಮುಚ್ಚದೆ ತೋರಿಸುವ ಧೈರ್ಯ ಆ ಕೈಗಳಿಗಿತ್ತು.

2009ರ ಅಕ್ಟೋಬರ್ 11ರಂದು ಪೋಪ್ ಹದಿನಾರನೇ ಬೆನೆಡಿಕ್ಟರು ದಾಮಿಯಾನರನ್ನು ಸಂತರೆಂದು ಘೋಷಿಸಿದರು. ಅಕ್ಟೋಬರ್ 11 ಯಾವ ದಿನ? ರೋಗಿಗಳ ಪಕ್ಕದಲ್ಲಿ ರಾತ್ರಿ ಕಳೆದ ಸಂತ ಮರಿಯಾ ಸೊಲೆದಾದ್ ತೀರಿಕೊಂಡ ದಿನ, ಅವರ ಸ್ಮರಣೆಯ ದಿನ. ಯಾರೂ ಹೊಂದಿಸಿದ್ದಲ್ಲ, ಆದರೂ ನೆನೆಯಬೇಕಾದದ್ದು.

ಹಾಗಾದರೆ ಸಮುದ್ರ ಮತ್ತು ಸೂರ್ಯ ಸುಳ್ಳೇ?

ಜನ ಮೆಚ್ಚಿಕೊಂಡ 'ಸಮುದ್ರ ಮತ್ತು ಸೂರ್ಯ' ಎಂಬ ಅರ್ಥವನ್ನು ತಪ್ಪೆಂದು ತಳ್ಳಿಹಾಕಬೇಕೇ? ಪದದ ಮೂಲ ಅದಲ್ಲ, ನಿಜ. ಆದರೆ ಮರಿಯಮ್ಮನವರ ಭಕ್ತಿಯಲ್ಲಿ ಸಮುದ್ರಕ್ಕೂ ಸೂರ್ಯನಿಗೂ ಹಳೆಯ ಸ್ಥಾನವಿದೆ. ಮರಿಯಾ ಎಂಬುದರ ಹೀಬ್ರೂ ರೂಪ ಮಿರಿಯಮ್. ಕೆಂಪು ಸಮುದ್ರವನ್ನು ದಾಟಿದ ಮೇಲೆ ದಮ್ಮಡಿ ಹಿಡಿದು ಸ್ತ್ರೀಯರ ಮುಂದೆ ನಡೆದ ಮೋಶೆಯ ಅಕ್ಕನ ಹೆಸರದು (ವಿಮೋಚನಾಕಾಂಡ 15:20). ಸಂತ ಜೆರೋಮರು ಈ ಹೆಸರಿಗೆ 'ಸಮುದ್ರದ ಹನಿ' ಎಂಬ ಅರ್ಥ ಕೊಟ್ಟಿದ್ದರು; ಲ್ಯಾಟಿನ್ ಭಾಷೆಯಲ್ಲಿ 'ಸ್ತಿಲ್ಲಾ ಮಾರಿಸ್'. ನಕಲು ಮಾಡಿದವರ ಕೈಯಲ್ಲಿ ಒಂದು ಅಕ್ಷರ ಬದಲಾಗಿ ಅದು 'ಸ್ತೆಲ್ಲಾ ಮಾರಿಸ್', ಅಂದರೆ ಸಮುದ್ರದ ನಕ್ಷತ್ರ, ಆಯಿತೆಂದು ಅನೇಕ ವಿದ್ವಾಂಸರ ಅಭಿಪ್ರಾಯ. 12ನೇ ಶತಮಾನದ ಸಂತ ಬರ್ನಾರ್ಡರು ಆ ನಕ್ಷತ್ರವನ್ನೇ ಹಿಡಿದು ಪ್ರಬೋಧನೆ ಮಾಡಿದರು. ಇನ್ನು ಸೂರ್ಯ? ಪ್ರಕಟನಾ ಗ್ರಂಥದ 12ನೇ ಅಧ್ಯಾಯದಲ್ಲಿ ಸೂರ್ಯನನ್ನೇ ಉಟ್ಟ ಸ್ತ್ರೀಯೊಬ್ಬಳು ಕಾಣಿಸಿಕೊಳ್ಳುತ್ತಾಳೆ. ಧರ್ಮಸಭೆ ಆ ವಾಚನವನ್ನು ಮರಿಯಮ್ಮನವರ ಸ್ವರ್ಗಸ್ವೀಕಾರದ ಹಬ್ಬದಂದು ಓದುತ್ತದೆ.

ಆದ್ದರಿಂದ ಮರಿಸೋಲ್ ಎಂಬ ಪುಟ್ಟ ಹೆಸರಿನಲ್ಲಿ ಒಂದು ಇಡೀ ಪಾಸ್ಖ ಅಡಗಿದೆ. ಸೊಲೆದಾದ್ ಎಂಬುದು ಶನಿವಾರ, ಸೋಲ್ ಎಂಬುದು ಭಾನುವಾರದ ಮುಂಜಾನೆ. ಶನಿವಾರವನ್ನು ದಾಟದೆ ಭಾನುವಾರ ಬರುವುದಿಲ್ಲ. ಬರೀ ಬಿಸಿಲನ್ನು ಮಾತ್ರ ಇಟ್ಟುಕೊಂಡು ಏಕಾಂಗಿ ತಾಯಿಯನ್ನು ಮರೆತರೆ ಹೆಸರು ಹಗುರವಾಗುತ್ತದೆ. ಬರೀ ದುಃಖವನ್ನೇ ಹಿಡಿದು ಕುಳಿತರೆ ನಾವು ಪುನರುತ್ಥಾನವನ್ನು ಮರೆತಂತೆ.

ನಮಗೆ ಏನು ಪಾಠ?

ಮೊದಲನೆಯದು ಹೆಸರಿಡುವವರಿಗೆ. ಕ್ರೈಸ್ತ ಭಾವನೆಗೆ ಹೊರತಾದ ಹೆಸರನ್ನು ಇಡದಂತೆ ಹೆತ್ತವರು, ಜ್ಞಾನಪೋಷಕರು ಹಾಗೂ ಗುರುಗಳು ಎಚ್ಚರ ವಹಿಸಬೇಕೆಂದು 1983ರ ಧರ್ಮಸಭಾ ಕಾನೂನಿನ 855ನೇ ವಿಧಿ ಹೇಳುತ್ತದೆ. ಇಂಥದ್ದೇ ಭಾಷೆಯ ಹೆಸರಿರಬೇಕೆಂದು ಅದು ಹೇಳುವುದಿಲ್ಲ. ಕನ್ನಡದ ಹೆಸರಿಡಿ, ಕೊಂಕಣಿಯದಿಡಿ, ದೂರದ ದೇಶದ ಹೆಸರನ್ನೇ ಇಡಿ. ಆದರೆ ಇಟ್ಟ ಹೆಸರಿನ ಕಥೆಯನ್ನು ಮಗುವಿಗೆ ಹೇಳಿ. ಆರೋಗ್ಯಮ್ಮ ಎಂದು ಹೆಸರಿದ್ದ ಅಜ್ಜಿಗೆ ತನ್ನ ಹೆಸರು ಯಾವ ಹರಕೆಯಿಂದ ಬಂತೆಂದು ಗೊತ್ತಿತ್ತು. ಆಕೆಯ ಮೊಮ್ಮಗಳಿಗೂ ತನ್ನ ಹೆಸರು ಎಲ್ಲಿಂದ ಬಂತೆಂದು ಗೊತ್ತಿರಲಿ.

ಎರಡನೆಯದು ನಮಗೆಲ್ಲರಿಗೂ. ಸೊಲೆದಾದ್ ಮಾತೆ ಮ್ಯಾಡ್ರಿಡ್ ನಗರದಲ್ಲಿ ಮಾತ್ರ ಇಲ್ಲ. ನಮ್ಮ ಬೀದಿಯಲ್ಲೂ ಇದ್ದಾರೆ. ಮಕ್ಕಳೆಲ್ಲ ಕೊಲ್ಲಿ ದೇಶಗಳಲ್ಲೋ ಅಮೆರಿಕದಲ್ಲೋ ಇರುವಾಗ ದೊಡ್ಡ ಮನೆಯಲ್ಲಿ ಒಬ್ಬರೇ ಜಪಸರ ಹೇಳುವ ತಾಯಿ ಇದ್ದಾರೆ. ಗಂಡನನ್ನು ಮಣ್ಣುಮಾಡಿ ಬಂದ ಮೇಲೆ ಯಾರೂ ಬಾಗಿಲು ತಟ್ಟದ ಮನೆಯಿದೆ. ಅಪಘಾತದಲ್ಲಿ ಮಗನನ್ನು ಕಳೆದುಕೊಂಡು ದೇವಾಲಯದ ಕೊನೆಯ ಬೆಂಚಿನಲ್ಲಿ ಕುಳಿತು ಬಲಿಪೂಜೆ ಮುಗಿಯುವ ಮೊದಲೇ ಎದ್ದುಹೋಗುವ ತಂದೆ ಇದ್ದಾರೆ. ಏಳನೇ ದಿನದ ಪೂಜೆಗೆ, ತಿಂಗಳ ಪೂಜೆಗೆ ನಾವು ಹೋಗುತ್ತೇವೆ. ಆಮೇಲೆ? ಅವರ ಪವಿತ್ರ ಶನಿವಾರ ಒಂದು ದಿನಕ್ಕೆ ಮುಗಿಯುವುದಿಲ್ಲ, ವರ್ಷಗಟ್ಟಲೆ ನಡೆಯುತ್ತದೆ.

ಅಂಥವರ ಬಳಿ ಹೋದಾಗ 'ಅಳಬೇಡಿ, ಎಲ್ಲಾ ದೇವರ ಚಿತ್ತ' ಎಂದು ಅವಸರದಲ್ಲಿ ಸಮಾಧಾನ ಹೇಳಿ ಎದ್ದುಬರುವುದು ಸುಲಭ. ಮರಿಯಮ್ಮನವರಿಗೆ ಆ ಶನಿವಾರ ಯಾರು ಏನು ಹೇಳಿದರೋ ಶುಭಸಂದೇಶದಲ್ಲಿ ಬರೆದಿಲ್ಲ. ಆದರೆ ಯೇಸುವಿನ ಆಪ್ತ ಶಿಷ್ಯ ಅವರನ್ನು ತನ್ನ ಮನೆಗೆ ಕರೆದೊಯ್ದನೆಂದು ಬರೆದಿದೆ. ಮಾತಿಗಿಂತ ಆ ಮನೆ ದೊಡ್ಡದು. ಈ ಹಬ್ಬದ ದಿನಗಳಲ್ಲಿ ತೇರಿನ ಹಿಂದೆ ನಡೆದು ಬಂದ ಮೇಲೆ, ಹಬ್ಬದ ಊಟದ ಒಂದು ಪಾಲನ್ನು ಒಯ್ದು, ಒಂದು ಗಂಟೆ ಹೊತ್ತು ಅಂಥ ಒಂದು ಮನೆಯಲ್ಲಿ ಕುಳಿತು ಬರೋಣ. ಏನೂ ಮಾತನಾಡದಿದ್ದರೂ ಸರಿ. ಸಂತ ಮರಿಯಾ ಸೊಲೆದಾದ್ ರಾತ್ರಿಯಿಡೀ ಮಾಡಿದ್ದನ್ನು ನಾವು ಒಂದು ಗಂಟೆಯಾದರೂ ಮಾಡೋಣ.

ಶಿಲುಬೆಯ ಬುಡದಲ್ಲಿ ನಿಂತ, ಶನಿವಾರದ ಕತ್ತಲೆಯಲ್ಲಿ ಕಾದ, ಪುನರುತ್ಥಾನದ ಸೂರ್ಯೋದಯವನ್ನು ಕಂಡ ಮಾತೆ ಮರಿಯಮ್ಮನವರು ನಮ್ಮ ಮನೆಗಳ ಒಂಟಿ ಹೃದಯಗಳಿಗಾಗಿ ಪ್ರಾರ್ಥಿಸಲಿ. ಅವರ ಪರಿಶುದ್ಧ ನಾಮವನ್ನು ಹೊತ್ತ ನಮ್ಮ ಹೆಣ್ಣುಮಕ್ಕಳೆಲ್ಲರನ್ನೂ ಪ್ರಭು ಯೇಸು ಹೆಸರು ಹಿಡಿದು ಕರೆದು ಆಶೀರ್ವದಿಸಲಿ. ಆಮೆನ್.